ಕಾರ್ಗಡಲಿಗೆ ಹಾಡಿದ ಜೋಗುಳ

ಪೂಜ್ಯ ಕೇತಮ್ಮ ತಾಯಿಯವರು ಮಠ ಕಟ್ಟಿಸಿದವರಲ್ಲ, ಪೀಠವೇರಿದವರೂ ಅಲ್ಲ. ನಾಡಿನ ಕಟ್ಟಕಡೆಯಲ್ಲಿ, ಕಾರ್ಗಡಲಿನ ದಂಡೆಯಲ್ಲಿ ಯಾರೂ ಮನೆ ಕಟ್ಟಲು ಧೈರ್ಯ ಮಾಡದ ಜಾಗದಲ್ಲಿ, ತೆಂಗಿನ ಗರಿ ಹೊದಿಸಿದ ಗುಡಿಸಲೇ ಅವರ ಆಶ್ರಮವಾಗಿತ್ತು. ಒಲೆಯ ಮೇಲೆ ಸದಾ ಗಂಜಿಯ ಮಡಕೆ ಇರುತ್ತಿತ್ತು. ಬಾಗಿಲಿಗೆ ಅಗುಳಿಯನ್ನೂ ಇಡಿಸಿರಲಿಲ್ಲ. "ಇಲ್ಲಿಗೆ ಬರುವವರಿಗೆ ಬಾಗಿಲು ತಟ್ಟುವಷ್ಟೂ ತ್ರಾಣ ಉಳಿದಿರುವುದಿಲ್ಲ" ಎನ್ನುತ್ತಿದ್ದರಂತೆ.

ಆ ಕಡಲನ್ನು ಕಾಣದವರಿಗೆ ಎರಡು ಮಾತು ಹೇಳಬೇಕು. ಅದರ ನೀರು ಮಸಿಯಂತೆ ಕಪ್ಪು. ಹುಣ್ಣಿಮೆಯ ಚಂದ್ರನೂ ಅದರಲ್ಲಿ ಮೂಡುವುದಿಲ್ಲ. ಅಲೆಯಿಲ್ಲ, ಮೊರೆತವಿಲ್ಲ. ಆದರೆ ದೀಪ ಹಚ್ಚುವ ಹೊತ್ತಾಯಿತೆಂದರೆ, ಅದು ನುಂಗಿಕೊಂಡವರ ದನಿಗಳು ನೀರಿನೊಳಗಿಂದ ಏಳುತ್ತವೆ. ದಂಡೆಯಲ್ಲಿರುವ ತಮ್ಮವರನ್ನು ಒಬ್ಬೊಬ್ಬರನ್ನೇ ಕರೆಯುತ್ತವೆ. "ಬಂದೆ" ಎಂದು ಓಗೊಟ್ಟವರ ಕಾಲನ್ನು ಆ ನೀರು ಮತ್ತೆ ಬಿಡುವುದಿಲ್ಲ. ತಂದೆಯ ಹಿಂದೆ ಮಗ, ಮಗನ ಹಿಂದೆ ಸೊಸೆ, ಹೀಗೆ ಹೋಗಿ ಹೋಗಿ ಇಡೀ ಊರುಗಳೇ ಬರಿದಾದದ್ದುಂಟು.

ಹೊಳೆ ಆ ಕಡಲನ್ನು ಸೇರುವಲ್ಲಿದ್ದ ಊರೊಂದರಲ್ಲಿ ಸೋವಣ್ಣನೆಂಬ ದೋಣಿ ಕಟ್ಟುವ ಬಡಗಿ ಇದ್ದ. ಹೆಂಡತಿ ಹೆರಿಗೆಯಲ್ಲೇ ತೀರಿಕೊಂಡಿದ್ದಳು. ಮಗಳು ಹೂವಿಯನ್ನು ಎತ್ತಿ ಆಡಿಸಿ, ಉಣಿಸಿ, ಮಲಗಿಸಿ ಬೆಳೆಸಿದವನು ಅವನೇ. ಒಂದು ದಿನ, ಅಪ್ಪ ಕೆತ್ತಿಕೊಟ್ಟ ಆಟದ ದೋಣಿ ಕಾರ್ಗಡಲಿನ ನೀರಿನಲ್ಲಿ ತೇಲಿಹೋಗುತ್ತಿರುವುದನ್ನು ಕಂಡು, ಅದನ್ನು ಹಿಡಿಯಲೆಂದು ಮಗು ಕೈ ಚಾಚಿತು. ಮತ್ತೆ ಮೇಲೆ ಬರಲಿಲ್ಲ.

ಅಂದಿನಿಂದ ಸಂಜೆಯಾದರೆ ಸೋವಣ್ಣ ಕಡಲಿನ ಕಡೆ ಓಡುವನು, ನೆರೆಯವರು ಹಿಡಿದು ಎಳೆತರುವರು. ಒಮ್ಮೆ ಕಂಬಕ್ಕೂ ಕಟ್ಟಿದರು. ಕೊನೆಗೆ ಅವನು, ತಡೆಯುವವರು ಯಾರೂ ಇರದ ಜಾಗವನ್ನು ಹುಡುಕುತ್ತಾ ದಂಡೆಗುಂಟ ನಡೆದು ಹೊರಟ. ಹಾಗೆ ಬಂದವನ ಕಣ್ಣಿಗೆ ಬಿದ್ದದ್ದು ತಾಯಿಯವರ ಗುಡಿಸಲು.

ತಾಯಿಯವರು ಅಂಗಳದಲ್ಲಿ ಕುಳಿತು ಮೊರದಲ್ಲಿ ನುಚ್ಚು ಕೇರುತ್ತಿದ್ದರು. ತಲೆಯೆತ್ತಿ ನೋಡಿದರು.

"ಎಲ್ಲಿಗಪ್ಪಾ ಹೊರಟೆ?"

"ಮಗಳು ಕರೀತಿದ್ದಾಳೆ ತಾಯಿ. ನೀವೂ ತಡೆಯಬೇಡಿ."

"ನಾನ್ಯಾಕೆ ತಡೆಯಲಿ? ಮಗು ಕರೆದರೆ ಹೋಗಲೇಬೇಕು. ಒಂದು ಬಟ್ಟಲು ಗಂಜಿ ಕುಡಿ. ನಾನೂ ಬರುತ್ತೇನೆ."

ಸೋವಣ್ಣ ನಿಂತಲ್ಲೇ ನಿಂತ. ಅವನನ್ನು ಹಿಡಿದವರಿದ್ದರು, ಬೈದವರಿದ್ದರು, ಕಾಲಿಗೆ ಬಿದ್ದು ಬೇಡಿದವರೂ ಇದ್ದರು. ಜೊತೆಗೆ ಬರುತ್ತೇನೆಂದವರು ಯಾರೂ ಇರಲಿಲ್ಲ. ಅವನು ಕುಳಿತು ಗಂಜಿ ಕುಡಿದ. ಕುಡಿಯುತ್ತಾ ಹೂವಿಯ ವಿಷಯವನ್ನೆಲ್ಲ ಹೇಳಿದ. ತಾಯಿಯವರು ಮತ್ತೊಂದು ಸೌಟು ಬಡಿಸಿದರು.

ಹೊತ್ತು ಮುಳುಗಿತು. ಇಬ್ಬರೂ ಕೈ ಹಿಡಿದುಕೊಂಡು ಮೊಣಕಾಲುದ್ದದ ನೀರಿಗೆ ಇಳಿದರು. ಮಂಜಿನಂಥ ಕೊರೆಯುವ ಚಳಿ. ಕೆಳಗಿನಿಂದ ಯಾರೋ ಪಾದಗಳನ್ನು ತಬ್ಬಿಕೊಂಡಂತಾಯಿತು. ಆಮೇಲೆ, ತೀರ ಹತ್ತಿರದಲ್ಲೇ, ಆ ದನಿ.

"ಅಪ್ಪಾ... ಬಾ ಅಪ್ಪಾ..."

ಸೋವಣ್ಣನ ತುಟಿ ತೆರೆಯಿತು. "ಬಂದೆ" ಎನ್ನುವಷ್ಟರಲ್ಲಿ ತಾಯಿಯವರು ಅವನ ಬಾಯಿಗೆ ಅಂಗೈ ಅಡ್ಡ ಹಿಡಿದರು.

"ಮೊದಲು ಸರಿಯಾಗಿ ಕೇಳು. ಇದು ಯಾವ ಹೊತ್ತಿನ ಕರೆ?"

ಅವನು ಉಸಿರು ಬಿಗಿಹಿಡಿದು ಕೇಳಿದ. ಮಗು ರಾಗ ಎಳೆಯುತ್ತಿತ್ತು. ನಡುನಡುವೆ ಸಣ್ಣ ಸಿಡುಕು, ಮೂಗಿನಲ್ಲಿ ಅಳು. ದಿನವಿಡೀ ಆಡಿ ದಣಿದು, ಉಂಡು, ಕಣ್ಣುಜ್ಜಿಕೊಳ್ಳುತ್ತಾ ಅವನ ಅಂಗಿಯ ಚುಂಗು ಹಿಡಿದು ಜಗ್ಗುತ್ತಿದ್ದಾಗ ಹೂವಿ ಕರೆಯುತ್ತಿದ್ದದ್ದು ಹೀಗೆಯೇ.

"ತಾಯಿ," ಅವನೆಂದ, "ಇದು... ನಿದ್ದೆ ಬಂದಾಗಿನ ದನಿ."

"ನೀನು ಮುಳುಗುವುದು ಅವಳಿಗೆ ಬೇಡಪ್ಪ. ನಿದ್ದೆ ಬೇಕು. ಮಲಗಿಸು."

ನೀರು ಮೊಣಕಾಲಿನಿಂದ ಸೊಂಟಕ್ಕೆ ಏರಿತು. ತಾಯಿಯವರು ಅಲುಗದೆ ಪಕ್ಕದಲ್ಲೇ ನಿಂತಿದ್ದರು. ಕೊನೆಗೆ ಸೋವಣ್ಣ ಕಣ್ಣು ಮುಚ್ಚಿ, ಮಗುವನ್ನು ಹೆಗಲಿಗೆ ಹಾಕಿಕೊಂಡವನಂತೆ ಮೈಯನ್ನು ಮೆಲ್ಲಗೆ ತೂಗುತ್ತಾ ಹಾಡತೊಡಗಿದ.

"ಮಲಗು ನನ್ನ ಮೀನಮರಿ, ಮಲಗು,
ಗಾಳಿಗೂ ಕಣ್ಣೆಳೆಯುತಿದೆ, ಮಲಗು..."

ಕರೆ ತಟ್ಟನೆ ನಿಂತಿತು. ಹಾಡು ಮುಗಿದಾಗ ನೀರಿನೊಳಗಿಂದ "ಇನ್ನೊಂದು ಸಲ" ಎಂದು ಕೇಳಿಸಿತು. ಅವನು ಅಳುತ್ತಲೇ ಇನ್ನೊಂದು ಸಲ ಹಾಡಿದ, ಅಲ್ಲಿಗೂ ನಿಲ್ಲಿಸದೆ ಮತ್ತೊಮ್ಮೆ ಹಾಡಿದ. ಒಂದು ಪುಟ್ಟ ಆಕಳಿಕೆ ಕೇಳಿಸಿತು. ಆಮೇಲೆ ಏನೂ ಇಲ್ಲ. ಪಾದ ತಬ್ಬಿದ್ದ ಹಿಡಿತ, ನಿದ್ದೆ ಹೋದ ಮಗುವಿನ ಮುಷ್ಟಿ ಸಡಿಲವಾಗುವಂತೆ ತಾನಾಗಿ ಸಡಿಲಿತು.

ದಂಡೆಗೆ ಮರಳಲೆಂದು ತಿರುಗಿದಾಗ ಇನ್ನೊಂದು ದನಿ ಎದ್ದಿತು. ವಯಸ್ಸಾದ ಗಂಡಸಿನ ದನಿ.

"ಕೇತೂ... ಇನ್ನೂ ಎಷ್ಟು ಹೊತ್ತು, ಕೇತೂ?"

ತಾಯಿಯವರು ತಿರುಗಿ ನೀರಿನ ಕಡೆ ನೋಡಿದರು.

"ಯಾರು ತಾಯಿ?"

"ನಮ್ಮ ಯಜಮಾನರು."

"ಕಂಡವರಿಗಾಗಿ ಈ ನೀರಿಗೆ ಇಳಿಯುತ್ತೀರಿ. ಅವರನ್ನೇಕೆ ಮಲಗಿಸಲಿಲ್ಲ?"

ತಾಯಿಯವರು ಸಂಕೋಚದಿಂದ ನಕ್ಕರು. "ನನಗೆ ಹಾಡಲು ಬಾರದಪ್ಪ. ಅವರೋ ಹುಟ್ಟಾ ತಬ್ಬಲಿ, ಜೋಗುಳ ಕೇಳಿಯೇ ಬೆಳೆದವರಲ್ಲ. ನಾನು ಹಾಡಿದರೆ ನನ್ನ ಒಡಕು ದನಿಗೆ ನಗುತ್ತಾರೆ, ನಿದ್ದೆ ಮಾಡುವುದಿಲ್ಲ."

ಸಾಯಲೆಂದು ಬಂದಿದ್ದ ಸೋವಣ್ಣ ಮತ್ತೆ ನೀರಿನ ಕಡೆ ತಿರುಗಿದ. "ನನ್ನ ಕೈ ಮಾತ್ರ ಬಿಡಬೇಡಿ ತಾಯಿ, ಹೆದರಿಕೆಯಾಗುತ್ತದೆ" ಎಂದ. ಮೀನಮರಿ ಎಂಬಲ್ಲಿ ಅಣ್ಣಯ್ಯ ಎಂದು ಸೇರಿಸಿ ಹಾಡಿದ. ನೀರಿನೊಳಗಿನ ಮುದುಕರು ಮೊದಲು "ಯಾರೋ ನೀನು?" ಎಂದು ನಕ್ಕರು. ಆಮೇಲೆ ಸುಮ್ಮನಾದರು. ಬಹಳ ಹೊತ್ತಿನ ಮೇಲೆ ಒಂದು ದೀರ್ಘವಾದ ಉಸಿರು ಕೇಳಿಸಿತು. ಎಷ್ಟೋ ಜನರ ಕಣ್ಣೊರೆಸಿದ್ದ ಆ ಮಹಾತಾಯಿ, ಬಡಗಿಯ ಹೆಗಲಿಗೆ ತಲೆಯಿಟ್ಟು ಚಿಕ್ಕ ಹುಡುಗಿಯಂತೆ ಅತ್ತುಬಿಟ್ಟರು.

ಸೋವಣ್ಣನವರು ಊರಿಗೆ ಮರಳಲಿಲ್ಲ. ಗುಡಿಸಲಿಗೆ ತಾವೇ ಒಂದು ಜಗಲಿ ಕಟ್ಟಿ ಅಲ್ಲೇ ನೆಲೆಸಿದರು. ದಂಡೆಗೆ ಬಂದವರಿಗೆ ತಾಯಿಯವರು ಗಂಜಿ ಬಡಿಸುವರು, ಸೋವಣ್ಣನವರು ಹಾಡು ಕಲಿಸುವರು. ಕಾರ್ಗಡಲು ಈಗಲೂ ಕಪ್ಪಾಗಿಯೇ ಇದೆ. ಆದರೆ ದಂಡೆಯ ಸಮೀಪ, ಅಲ್ಲಲ್ಲಿ ತೊಟ್ಟಿಲಿನಷ್ಟು ಅಗಲದ ನೀರು ತಿಳಿಯಾಗಿ ತಳದ ಬಿಳಿಯ ಮರಳು ಕಾಣುತ್ತದೆ. ಅಲ್ಲಿಗೆ ಬಂದ ಭಕ್ತರು ಯಾರೂ ಹೇಳದೆಯೇ ಮಾತು ನಿಲ್ಲಿಸಿ, ಹೆಜ್ಜೆಯ ಸಪ್ಪಳವಾಗದಂತೆ ತುದಿಗಾಲಲ್ಲಿ ದಾಟಿಹೋಗುತ್ತಾರೆ.