ಯಾರೂ ವಾಸವಿಲ್ಲದ ದಿಬ್ಬ

ಆ ಅಭಯಾರಣ್ಯದಲ್ಲಿ ಒಂದು ಕಾನೂನಿತ್ತು: ತಪ್ಪು ಎಲ್ಲಿ ನಡೆಯಿತೋ ಅಲ್ಲಿಯ ಐದು ನಿವಾಸಿಗಳೇ ತೀರ್ಪು ಕೊಡಬೇಕು. ಇದನ್ನು ಚೆನ್ನಾಗಿ ತಿಳಿದಿದ್ದ ನರಿ ಗೌಜಲಹಕ್ಕಿಯ ಮರಿಯನ್ನು ಯಾರೂ ವಾಸವಿಲ್ಲದ ಬೋಳು ದಿಬ್ಬಕ್ಕೆ ಕಚ್ಚಿಕೊಂಡು ಹೋಗಿ ತಿಂದಿತು.

ಗೌಜಲ ಅಳುತ್ತಾ ನ್ಯಾಯಾಧೀಶನಾದ ಆನೆಯನ್ನು ದಿಬ್ಬಕ್ಕೆ ಕರೆತಂದಿತು.

“ತಿಂದದ್ದು ನಾನೇ, ಸ್ವಾಮಿ,” ಎಂದಿತು ನರಿ ವಿನಯದಿಂದ. “ಆದರೆ ನನ್ನನ್ನು ವಿಚಾರಿಸುವವರು ಯಾರು?”

ಆನೆ ಸುತ್ತಲೂ ನೋಡಿ ನಿಟ್ಟುಸಿರು ಬಿಟ್ಟಿತು. “ಇಲ್ಲಿ ಯಾರೂ ಇಲ್ಲ, ತಾಯಿ. ನಾನೇನು ಮಾಡಲಿ?”

ಗೌಜಲ ಮರಿಯ ಪುಕ್ಕಗಳನ್ನಾದರೂ ಆಯ್ದುಕೊಳ್ಳೋಣವೆಂದು ಬಗ್ಗಿತು. ಒಂದು ಪುಕ್ಕ ತನ್ನಷ್ಟಕ್ಕೆ ತಾನೇ ನಡೆದು ಹೋಗುತ್ತಿತ್ತು. ಅದರಡಿಯಲ್ಲಿ ಕಟ್ಟಿರುವೆಗಳಿದ್ದವು.

“ನೀವು ಇಲ್ಲಿಯವರೇ?”

“ಮುತ್ತಜ್ಜಿಯ ಕಾಲದಿಂದಲೂ. ಯಾರೂ ಕೇಳಿರಲಿಲ್ಲ.”

“ಸ್ವಾಮೀ, ನಿವಾಸಿಗಳಿದ್ದಾರೆ!” ಗೌಜಲ ಕೂಗಿತು.

“ಐವರು ಸಾಕು,” ಎಂದಿತು ಆನೆ.

“ಐದೆಂದರೆ ಎಷ್ಟೋ ನಮಗೆ ತಿಳಿಯದು. ಎಲ್ಲರೂ ಬರುತ್ತೇವೆ,” ಎಂದವು ಇರುವೆಗಳು.

ನ್ಯಾಯಮಂಡಳಿ ಸಾಲುಸಾಲಾಗಿ ನರಿಯ ಮೈ ಹತ್ತಿತು. “ಆಕ್ಷೇಪಣೆ! ಆಕ್ಷೇಪಣೆ!” ಎಂದು ಕಿರುಚುತ್ತಾ ನರಿ ಕಾಡಿನ ಗಡಿಯನ್ನೇ ದಾಟಿ ಓಡಿತು.

ಗೌಜಲ ಪುಕ್ಕಗಳೊಂದಿಗೆ ಮನೆಗೆ ಹೋಯಿತು. ಆನೆ ಮಾತ್ರ ಒಂದು ಕಾಲನ್ನೆತ್ತಿಕೊಂಡು ಸಂಜೆಯವರೆಗೆ ಅಲ್ಲೇ ನಿಂತಿತ್ತು. ಆ ಕಾಲನ್ನು ಎಲ್ಲಿ ಊರಬೇಕೆಂದು ಅದಕ್ಕೆ ತಿಳಿಯಲಿಲ್ಲ.