ಗುಬ್ಬಿಗೆ ಬಾರಿಸಿದ ನಗಾರಿ

ಮಠದಲ್ಲಿ ಭಾರಿ ಅನಾಹುತವೊಂದು ಸಂಭವಿಸಿತು. ಶಿಷ್ಯ ಗುರುಮಲ್ಲನಿಗೆ ನೆಗಡಿಯಾಯಿತು. ಒಗ್ಗರಣೆಯ ಘಮವೂ ಮೂಗಿಗೆ ಹತ್ತದಾಯಿತು. ಸುದ್ದಿ ಅಡುಗೆಮನೆಗೆ ಮುಟ್ಟಿ, ಕೆಲವು ಭಕ್ತರು ನೋಡಿಕೊಂಡು ಹೋಗಲೂ ಬಂದರು.

ಗುರುಮಲ್ಲ ಗುರುಗಳ ಮುಂದೆ ಕೂತು ಕೇಳಿದ: "ಬುದ್ಧಿ, ಯಾವ ಮದ್ದಿಗೂ ಬಗ್ಗದ ರೋಗಕ್ಕೆಂದು ಆಸ್ಪತ್ರೆಯಲ್ಲಿ ಒಂದು ಆಂಟಿಬಯೋಟಿಕ್ ಎತ್ತಿಟ್ಟಿದ್ದಾರೆ. ಡಾಕ್ಟರನ್ನು ಕೇಳಿದರೆ, ಅದು ನೆಗಡಿಗೆ ತಾಗುವುದಿಲ್ಲ, ಸಾಯುವವರಿಗೆ ಇರಲಿ ಅನ್ನುತ್ತಾರೆ. ತಾಗದಿದ್ದರೆ ಬೇಡ, ಒಂದು ಸೂಜಿ ಚುಚ್ಚಿದರೆ ಅವರ ಗಂಟೇನು ಹೋಗುತ್ತದೆ? ತಾವೊಂದು ಮಾತು ಹೇಳಿದರೆ ಕೊಡುತ್ತಾರೆ."

ಗುರುಗಳು ಕತೆ ಹೇಳಿದರು.

ಕಾಡಿನ ಅಂಚಿನಲ್ಲಿ ಒಂದು ಊರು. ಹೊಲ ಕಾಯಲು ಅಲ್ಲೊಂದು ಕಟ್ಟಳೆ ಇತ್ತು. ಗುಬ್ಬಿ ಬಂದರೆ ಚಪ್ಪಾಳೆ. ಹಂದಿ ಬಂದರೆ ತಮಟೆ. ಆನೆ ಬಂದರೆ ಮಾತ್ರ ಗುಡಿಯ ನಗಾರಿ. ಅದರ ಸದ್ದಿಗೆ ಆನೆ ತಿರುಗಿ ನೋಡದೆ ಕಾಡು ಸೇರುತ್ತಿತ್ತು. ಊರಿನ ರಾಗಿ ಉಳಿದದ್ದೇ ಅದರಿಂದ.

ಒಬ್ಬ ರೈತನಿಗೆ ಚಪ್ಪಾಳೆ ತಟ್ಟಿ ಕೈ ನೊಂದಿತು. ನಗಾರಿ ತಂದು ಗುಬ್ಬಿಗೆ ಬಾರಿಸಿದ.

"ಗುಬ್ಬಿಗೆಲ್ಲ ನಗಾರಿ ಯಾಕಪ್ಪ?" ಎಂದ ಊರ ಹಿರಿಯ.

"ಹೋಯ್ತೋ ಇಲ್ಲವೋ ಗುಬ್ಬಿ? ಅಷ್ಟು ಹೇಳು ದೊಡ್ಡಪ್ಪ."

ಹೋಗಿತ್ತು. ಮರುದಿನದಿಂದ ಊರಿಗೆ ಊರೇ ನಗಾರಿ ಹಿಡಿಯಿತು. ಗುಬ್ಬಿಗೆ ನಗಾರಿ, ಕೋಳಿಗೆ ನಗಾರಿ, ಊಟಕ್ಕೆ ಬಾರದ ಗಂಡನಿಗೂ ನಗಾರಿ. ಅಷ್ಟು ಸಂತೋಷದ ವರ್ಷವನ್ನು ಆ ಊರು ಕಂಡಿರಲಿಲ್ಲ.

ಹಸಿದ ಗುಬ್ಬಿಯೊಂದು ಒಂದು ದಿನ ತೆನೆ ಬಿಟ್ಟು ಹಾರಲಿಲ್ಲ. ನಗಾರಿ ಗುಡುಗಿತು. ಗುಬ್ಬಿಗೆ ಏನೂ ಆಗಲಿಲ್ಲ. ಅದಕ್ಕೆ ಹಿಗ್ಗು ತಡೆಯಲಾಗಲಿಲ್ಲ. ಕೆರೆಯಲ್ಲಿ ನೀರು ಕುಡಿಯಲು ಬಂದ ಎಲ್ಲರಿಗೂ ಹೇಳಿತು. ಕುಲ ಕೇಳಲಿಲ್ಲ, ಗುರುದಕ್ಷಿಣೆಯನ್ನೂ ಕೇಳಲಿಲ್ಲ. ಅಂಥ ಉದಾರ ವಿದ್ಯಾದಾನ ಮನುಷ್ಯರಲ್ಲಿ ಅಪರೂಪ.

"ಆನೆಯಣ್ಣ, ಅದು ಬರೀ ಚರ್ಮ. ಒಳಗೆ ಇರುವುದು ಗಾಳಿ."

"ಅಷ್ಟೇನಾ?" ಎಂದಿತು ಆನೆ.

ಸುಗ್ಗಿಯ ಹೊತ್ತಿಗೆ ಆನೆ ಬಂತು. ರೈತ ತೋಳು ಸೋಲುವಷ್ಟು ನಗಾರಿ ಬಾರಿಸಿದ. ಆನೆ ತಾಳಕ್ಕೆ ಸರಿಯಾಗಿ ಕಿವಿ ಬೀಸುತ್ತ ರಾಗಿ ಮೇಯಿತು. ಅದಕ್ಕಿಂತ ದೊಡ್ಡ ನಗಾರಿ ಊರಿನಲ್ಲಿ ಇರಲಿಲ್ಲ.

ಗುರುಮಲ್ಲ ಬಿದ್ದು ಬಿದ್ದು ನಕ್ಕ. ನಕ್ಕ ರಭಸಕ್ಕೆ ಒಂದು ಹೊಳ್ಳೆ ಬಿಟ್ಟಿತು. ಆದರೂ ಅವನು ಸೋಲುವವನಲ್ಲ. ಕತೆಯಲ್ಲಿ ಎಲ್ಲಿ ತೂತಿದೆ ಎಂದು ಹುಡುಕಿದ, ಸಿಕ್ಕಿತು.

"ನನ್ನ ನೆಗಡಿ ಗುಬ್ಬಿ ಅಂತಲೇ ಇಟ್ಟುಕೊಳ್ಳೋಣ ಬುದ್ಧಿ. ಗುಬ್ಬಿ ಹೋಗಿ ಆನೆಗೆ ಗುಟ್ಟು ಹೇಳುವುದು ಕತೆಯಲ್ಲಿ ಮಾತ್ರ ತಾನೆ?"

"ಹೌದಪ್ಪ, ಕತೆಯಲ್ಲಿ ಮಾತ್ರ," ಎಂದರು ಗುರುಗಳು. "ಆ ಮದ್ದು ಚುಚ್ಚಿದರೂ ಸಾಯದೆ ಉಳಿದ ನಿನ್ನ ಹೊಟ್ಟೆಯೊಳಗಿನ ಸಾಧು ಬ್ಯಾಕ್ಟೀರಿಯಾಕ್ಕೆ ಹೇಳುವ ಕಷ್ಟವೂ ಇಲ್ಲ, ಮದ್ದನ್ನು ಗೆಲ್ಲುವ ಜೀನನ್ನೇ ತೆಗೆದು ಪಕ್ಕದ ಕೊಲೆಗಾರ ಬ್ಯಾಕ್ಟೀರಿಯಾದ ಕೈಗೆ ಕೊಟ್ಟುಬಿಡುತ್ತದೆ."

ಗುರುಮಲ್ಲ ಕಷಾಯ ಕೇಳಲು ಅಡುಗೆಮನೆಗೆ ಎದ್ದುಹೋದ. ಆಂಟಿಬಯೋಟಿಕ್ ಆಸ್ಪತ್ರೆಯ ಕಪಾಟಿನಲ್ಲೇ ಉಳಿಯಿತು.