ಸುಳ್ಳುದೀಪದ ದಿಬ್ಬ

ಕಣಕೊಪ್ಪದ ಅಗಸೆಬಾಗಿಲು ದಾಟಿ ಎಡಕ್ಕೆ ಹೊರಳಿದರೆ ಜೋಳದ ಹೊಲದ ನಡುವೆ ಒಂದು ಬೋಳು ದಿಬ್ಬ ಸಿಗುತ್ತದೆ. ನೇಗಿಲು ಅದನ್ನು ಬಳಸಿಕೊಂಡು ಹೋಗುತ್ತದೆ, ಮೇಲೆ ಹತ್ತುವುದಿಲ್ಲ. ಅಲ್ಲಿ ಗುಡಿಯಿಲ್ಲ. ಕಟ್ಟಲು ಊರಿಗೆ ಮುಖವಿರಲಿಲ್ಲ ಎಂದರೆ ಹಿರಿಯರಿಗೆ ಸಿಟ್ಟು ಬರುತ್ತದೆ, ಬರಲಿ.

ಹಿಂದೆ ಒಮ್ಮೆ ಯಾವುದೋ ರಾಜನ ದಂಡು ಕೋಟೆ ಗೆದ್ದು ಈ ಊರಲ್ಲೇ ಬೀಡುಬಿಟ್ಟಿತಂತೆ. ಮೂರು ತಿಂಗಳಲ್ಲಿ ಮನೆಮನೆಯ ಕಾಳು ಬಳಿದುಕೊಂಡಿತು. ಉಳಿದದ್ದು ಈ ದಿಬ್ಬದ ಹಗೇವು ಒಂದೇ: ನೆಲದಲ್ಲಿ ಎರಡಾಳುದ್ದ ತೋಡಿ, ಜೋಳ ತುಂಬಿ, ಬಾಯಿಗೆ ಚಪ್ಪಡಿ ಮುಚ್ಚಿ ಮಣ್ಣೆಳೆದ ಕಣಜ. ಮಕ್ಕಳ ಗಂಜಿ, ಮುಂದಿನ ಬಿತ್ತನೆಯ ಬೀಜ ಎಲ್ಲ ಅದರಲ್ಲೇ ಇತ್ತು. ಅದರ ಸುಳಿವು ಕೊಡುವುದಿಲ್ಲವೆಂದು ಊರೆಲ್ಲ ಆಣೆ ಮಾಡಿತ್ತು. ಆಣೆ ಮಾಡಿದ ಕೈಗಳೇ ದಂಡಿನ ಕುದುರೆಗಳಿಗೆ ಹುಲ್ಲು ಹಾಕುತ್ತಿದ್ದವು, ಆ ಮಾತು ಬೇರೆ. ಗುರಪ್ಪನೆಂಬವನು ಇನ್ನೊಂದು ಹೆಜ್ಜೆ ಮುಂದೆ ಹೋದ. ಗೌಡಿಕೆ ಕೊಡುತ್ತೇನೆಂಬ ದಳಪತಿಯ ಮಾತಿಗೆ ಮರುಳಾಗಿ ಹಗೇವಿನ ಜಾಗ ತೋರಿಸಿಬಿಟ್ಟ ಎನ್ನುತ್ತಾರೆ.

ನಡುಹಗಲಲ್ಲಿ ಊರವರನ್ನೆಲ್ಲ ನಿಲ್ಲಿಸಿ ಚಪ್ಪಡಿ ಸರಿಸಿದರು. ಮುಚ್ಚಿದ ಹಗೇವಿನಲ್ಲಿ ಕೆಟ್ಟ ಗಾಳಿ ಕೂತಿರುತ್ತದೆ. ಮೊದಲು ಹಗ್ಗಕ್ಕೆ ದೀಪ ಕಟ್ಟಿ ಇಳಿಸಬೇಕು. ಆರಿದರೆ ಗಾಳಿ ಹೋಗಲೆಂದು ಬಾಯಿ ತೆರೆದಿಡಬೇಕು, ಅಂದು ಯಾರೂ ಇಳಿಯಬಾರದು. ದೀಪ ಇಳಿಸುವುದು ಇಳಿಯುವವನ ಮನೆಯ ಹೆಂಗಸು. ಗಂಡಸರು ಬಗ್ಗಿ ನೋಡುವ ಪದ್ಧತಿಯಿಲ್ಲ, ಅವಳ ಮಾತಿನ ಮೇಲೆ ಇಳಿಯುತ್ತಾರೆ. ತೋರಿಸಿದವನೇ ಮೊದಲು ಇಳಿಯಲಿ ಎಂದು ದಳಪತಿ ಹೇಳಿದ್ದರಿಂದ ದೀಪ ಗುರಪ್ಪನ ಹೆಂಡತಿ ಸಾವಂತ್ರೆವ್ವನ ಕೈಗೆ ಬಂತು. ಅವಳ ಬಗಲಲ್ಲಿ ಹಾಲು ಕುಡಿಯುವ ಕೂಸು. ದೀಪ ಅರ್ಧ ದಾರಿಯಲ್ಲೇ ಆರಿತು. ಪಕ್ಕದಲ್ಲಿ ಬಗ್ಗಿದ್ದ ನೆಗೆಣ್ಣಿ, ಗುರಪ್ಪನ ತಮ್ಮನ ಹೆಂಡತಿಯೂ ಅದನ್ನು ಕಂಡಳು. ಆರಿತು ಎಂದರೆ ಗಂಡ ಉಳಿಯುತ್ತಾನೆ, ನಾಳೆ ಜೋಳ ಹೋಗುತ್ತದೆ.

ಗುರಪ್ಪ ಸೊಂಟಕ್ಕೆ ಧೋತರ ಬಿಗಿಯುತ್ತ ಕೇಳಿದ, “ಸಾವಂತ್ರಿ, ದೀಪ ಐತೇನ?”

“ಐತ್ರಿ. ಇಳೀರಿ.”

ಹೇಳಿ, ದೀಪದ ಹಗ್ಗವನ್ನು ಕೈಯಿಂದ ಬಿಟ್ಟಳು.

ಇಳಿದವನ ದನಿ ಮತ್ತೆ ಬರಲಿಲ್ಲ. ಎತ್ತಲು ಹೋದ ಇಬ್ಬರು ಸಿಪಾಯಿಗಳೂ ಬರಲಿಲ್ಲ. ಇದು ಆಳು ನುಂಗುವ ಕುಳಿ ಎಂದು ಉಳಿದವರು ಹಿಂದೆ ಸರಿದರು. ದಳಪತಿ ಎಷ್ಟು ಗದರಿದರೂ ಒಬ್ಬನೂ ಹತ್ತಿರ ಸುಳಿಯಲಿಲ್ಲ. ತಿನ್ನಲು ಗತಿಯಿಲ್ಲದೆ ಮೂರನೆಯ ದಿನ ದಂಡು ಬೀಡು ಕಿತ್ತಿತು. ಊರವರು ಮೂರು ಹೆಣ ಎತ್ತಿ, ಮೇಲಿನ ಕಾಳು ಚೆಲ್ಲಿ, ಉಳಿದದ್ದನ್ನು ಹಂಚಿಕೊಂಡು ರೊಟ್ಟಿ ಬಡಿದು ತಿಂದರು. ತಿಂದು ಬಾಯಿ ಒರೆಸಿಕೊಂಡ ಮೇಲೆ, ಗಂಡನನ್ನು ಕೊಂದವಳೆಂದು ಅವಳ ಮನೆಗೆ ಒಲೆಯ ಬೆಂಕಿ ಕೇಳಲು ಹೋಗುವುದನ್ನೇ ಬಿಟ್ಟರು. ನೆಗೆಣ್ಣಿಯೂ ಬಿಟ್ಟಳು.

ದಿಬ್ಬದ ಮೇಲೆ ಇಂದಿಗೂ ನಾಲ್ಕು ಕಲ್ಲುಗಳಿವೆ. ಗುರಪ್ಪನದೂ ಆ ಸಿಪಾಯಿಗಳದೂ ಊರ ಕಡೆ ಮುಖ ಮಾಡಿವೆ. ನಾಲ್ಕನೆಯದು ಸಾವಂತ್ರೆವ್ವನದು. ಅದನ್ನು ಊರಿಗೆ ಬೆನ್ನು ಹಾಕಿ ನೆಡಬೇಕೆಂದು ಸಾಯುವಾಗ ಅವಳೇ ಮಗಳಿಗೆ ಹೇಳಿದ್ದಳಂತೆ.